ನೀರಗಂಟಿ ಕಾಕಾ ಕೊಟ್ಟ ಬಿಳಿ ಅರಿವಿ

ಬಿಳಿ ಅಂಗಿ ಬೇಡ, ಸಣ್ಣ ಗೆರೆಯದೂ ಬೇಡ ಎಂದು ಹೊಸ ಸಾಕ್ಷ್ಯಚಿತ್ರ ತಂಡದ ನಿರ್ದೇಶಕಿ ಫೋನಿನಲ್ಲಿ ಹೇಳಿದಳು. ಇಷ್ಟು ವರ್ಷ ಕ್ಯಾಮೆರಾ ಮುಂದೆ ನಿಂತವನಿಗೆ ಇದನ್ನೂ ಹೇಳಿಕೊಡಬೇಕೇ ಎಂದು ಒಳಗೊಳಗೇ ಮೂಗು ಮುರಿಯುತ್ತಿದ್ದೆ. ಆಗ ಅವಳು, ಹಳೆಯ ಕೆರೆಯ ಕಂತಿನಲ್ಲಿ ಹಾಕಿದ್ದ ಕಂದು ಜಾಕೀಟನ್ನೇ ಹಾಕಿಕೊಂಡು ಬನ್ನಿ, ಜನಕ್ಕೆ ನಿಮ್ಮ ಗುರುತು ಅದರಲ್ಲೇ ಎಂದಳು. ಆಗಲಿ ಎಂದೆ. ಫೋನ್ ಇಟ್ಟ ಮೇಲೆ ಕಪಾಟಿನ ಬಾಗಿಲು ತೆಗೆದೆ.

ಜಾಕೀಟು ಕೆಳಗಿನ ಖಾನೆಯಲ್ಲಿ, ಚಾದರಗಳ ಅಡಿಯಲ್ಲಿತ್ತು. ಏಳು ವರ್ಷದಿಂದ ಅದನ್ನು ಮುಟ್ಟಿರಲಿಲ್ಲ. ಕೇಳಿದವರಿಗೆ ಹೊಟ್ಟೆ ಬಂದಿದೆ, ಗುಂಡಿ ಕೂಡುವುದಿಲ್ಲ ಎನ್ನುತ್ತಿದ್ದೆ. ಒಳಜೇಬಿಗೆ ಕೈ ಹಾಕಿದೆ. ಮಡಿಸಿದ ಬಟ್ಟೆಯೊಂದು ಬೆರಳಿಗೆ ಸಿಕ್ಕಿತು. ಉಗುರಿನ ಸಂದಿಯಲ್ಲಿ ಒಂದಿಷ್ಟು ಕೆಂಪು ಪುಡಿ ಬಂತು. ಮೂಗಿಗೆ ಹಿಡಿದರೆ ನುಸಿಗುಳಿಗೆಯ ಘಾಟಿನ ಕೆಳಗೆ, ತೀರ ಸಣ್ಣಗೆ, ಕೆರೆಯ ವಾಸನೆ. ಪಾಚಿ, ಮೀನು, ಬಿಸಿಲು ಕಾಣದ ಮಣ್ಣು...

ಆ ಬಟ್ಟೆ ಅಲ್ಲಿರುವುದು ಮರೆತೇಹೋಗಿತ್ತು ಎಂದು ಬರೆದರೆ ಓದುವುದಕ್ಕೆ ಚೆನ್ನಾಗಿರುತ್ತದೆ. ಆದರೆ ಮರೆತಿರಲಿಲ್ಲ. ಅದು ಅಲ್ಲಿದೆಯೆಂದೇ ಜಾಕೀಟು ಹಾಕುತ್ತಿರಲಿಲ್ಲ. ಅದನ್ನು ನನ್ನ ಕೈಗೆ ಕೊಟ್ಟವರು ನೀರಗಂಟಿ ಕಾಕಾ.

ನನ್ನ ವಿಷಯ ಮೊದಲು ಹೇಳಿ ಮುಗಿಸುತ್ತೇನೆ, ಅದರಲ್ಲಿ ಹೆಚ್ಚೇನೂ ಇಲ್ಲ. ಹಾನಗಲ್ಲಿನ ಒಂದು ಕಾಲೇಜಿನಲ್ಲಿ ಇತಿಹಾಸ ಪಾಠ ಮಾಡಿದವನು. ರಜೆಯ ದಿನ ಊರೂರು ಸುತ್ತಿ ಶಾಸನ ಓದುವುದು, ವೀರಗಲ್ಲಿಗೆ ಸುಣ್ಣ ಬಳಿದವರ ಜೊತೆ ಜಗಳ ತೆಗೆಯುವುದು ನನ್ನ ಚಟವಾಗಿತ್ತು. ಒಮ್ಮೆ ಸಾಕ್ಷ್ಯಚಿತ್ರ ಮಾಡುವ ತಂಡವೊಂದು ದಾರಿ ತೋರಿಸಿ ಎಂದು ಕರೆಯಿತು. ದಾರಿ ತೋರಿಸಲು ಹೋದವನನ್ನು ಕ್ಯಾಮೆರಾ ಮುಂದೆ ನಿಲ್ಲಿಸಿದರು. ಧ್ವನಿ ಚೆನ್ನಾಗಿದೆ ಎಂದರು. ಅಷ್ಟೇ ಸಾಕಾಯಿತು.

ಆ ಕೆಲಸಕ್ಕೆ ಕನ್ನಡದಲ್ಲಿ ಸರಿಯಾದ ಹೆಸರಿಲ್ಲ. ನಟನಲ್ಲ, ನಿರೂಪಕನೂ ಅಲ್ಲ. ಹಾಳು ಗುಡಿಯ ಕಂಬಕ್ಕೆ ಕೈ ಊರಿ, 'ಇಲ್ಲಿ ಒಂದು ಕಾಲದಲ್ಲಿ' ಎಂದು ಶುರುಮಾಡುವವನು. ಎದೆಯ ಮಟ್ಟಕ್ಕೆ ಹೆಸರು ಮೂಡುತ್ತದೆ, ಅದರ ಕೆಳಗೆ 'ಇತಿಹಾಸ ತಜ್ಞರು'. ಯಾರೂ ಇಲ್ಲವೆಂಬಂತೆ ನಡೆದು ಬರಬೇಕು, ಆದರೆ ನೆಲದ ಮೇಲೆ ಹಾಕಿದ ಗುರುತಿಗೇ ಬಂದು ನಿಲ್ಲಬೇಕು. ಒಂದೇ ಮಾತನ್ನು ಮೂರು ಸಲ, ಮೂರು ಸಲವೂ ಆಗಷ್ಟೇ ಹೊಳೆದಂತೆ ಹೇಳಬೇಕು. ನನಗೆ ಅದು ಬಹಳ ಬೇಗ ಬಂತು. ಹಿರೇಕೆರೂರು ಬಸ್ಸಿನ ಕಂಡಕ್ಟರು ಗುರುತು ಹಿಡಿದು ಮುಂದಿನ ಸೀಟು ಬಿಡಿಸಿಕೊಟ್ಟ ದಿನ ನಾನು ಉಬ್ಬಿಹೋಗಿದ್ದೆ. ಮನೆಗೆ ಬಂದು ಹೆಂಡತಿಗೆ ಎರಡು ಸಲ ಹೇಳಿದೆ. ಅವಳು ಎರಡು ಸಲವೂ ಕೇಳಿಸಿಕೊಂಡಳು.

ಕಾಕಾ ಪರಿಚಯವಾಗಿದ್ದು ಅದಕ್ಕಿಂತ ಮೊದಲು. ತಿಳವಳ್ಳಿ ದಾಟಿ ಒಳಗೆ ಹೋದರೆ ಒಂದು ಊರಿದೆ. ಹೆಸರು ಬರೆಯುವುದಿಲ್ಲ, ಆ ಊರಿನವರಿಗೆ ನಾನು ಕೊಟ್ಟಿದ್ದು ಸಾಕು. ಊರಿಗೆ ಒಂದು ದೊಡ್ಡ ಕೆರೆ ಇತ್ತು. ತೂಬಿನ ಕಲ್ಲಿನ ಮೇಲೆ ನಾಲ್ಕು ಸಾಲಿನ ಶಾಸನವಿದೆಯೆಂದು ಕೇಳಿ ಹೋಗಿದ್ದೆ. ಏರಿಯ ಹೊರಬದಿಯ ಹುಲ್ಲಿನಲ್ಲಿ ಒಬ್ಬ ಮುದುಕರು ಮೊಣಕಾಲೂರಿ, ಕಬ್ಬಿಣದ ಸಲಾಕೆಯೊಂದನ್ನು ನೆಲಕ್ಕೆ ಚುಚ್ಚಿ, ಹೊರಗೆಳೆದು, ಅದರ ತುದಿಯನ್ನು ಮೂಸುತ್ತಿದ್ದರು. ತಲೆ ಕೆಟ್ಟಿದೆಯೇನೋ ಎಂದುಕೊಂಡೆ.

ಅವರು ಆ ಕೆರೆಯ ನೀರಗಂಟಿ. ಅವರ ಅಪ್ಪನೂ ಅದೇ ಕೆಲಸ ಮಾಡಿದವರು. ತೂಬು ಎತ್ತಿ ಗದ್ದೆಗೆ ಸರದಿಯಂತೆ ನೀರು ಬಿಡುವುದು ಎಲ್ಲರಿಗೂ ಕಾಣುವ ಕೆಲಸ. ಕಾಣದ ಕೆಲಸ ಇನ್ನೊಂದಿತ್ತು. ದಿನಾ ಬೆಳಗ್ಗೆ ಏರಿಯ ಈ ತುದಿಯಿಂದ ಆ ತುದಿಗೆ ಬರಿಗಾಲಲ್ಲಿ ನಡೆಯುವುದು. ಚಪ್ಪಲಿ ಹಾಕಿದರೆ ಅಂಗಾಲಿಗೆ ತಂಪು ತಿಳಿಯುವುದಿಲ್ಲ ಎನ್ನುತ್ತಿದ್ದರು. ಎಲ್ಲಿ ನೆಲ ತಂಪು ಅನ್ನಿಸಿತೋ ಅಲ್ಲಿ ಸಲಾಕೆ ಚುಚ್ಚಿ ಮೂಸುವುದು. ಮಳೆಯ ನೀರು ಕುಡಿದ ಮಣ್ಣಿಗೆ ಒಂದು ವಾಸನೆ, ಕೆರೆಯ ನೀರು ಕುಡಿದ ಮಣ್ಣಿಗೆ ಬೇರೆಯೇ ವಾಸನೆ. ನನ್ನ ಮೂಗಿಗೂ ಹಿಡಿದರು. ಎರಡೂ ಒಂದೇ ಅನ್ನಿಸಿತು. ಕಲಿಯೋಣ ಎನ್ನಿಸಲಿಲ್ಲ, ನನ್ನ ಕಣ್ಣೆಲ್ಲ ಶಾಸನದ ಮೇಲಿತ್ತು.

ಕೆರೆಯ ನೀರೇ ಎಂದು ಗೊತ್ತಾದರೆ ಆಮೇಲೆ ಬಟ್ಟೆ. ಒಗೆದ ಬಿಳಿ ಧೋತರದ ಒಂದು ತುಂಡು. ಅದಕ್ಕೆ ಅವರು ಅರಿವಿ ಎನ್ನುತ್ತಿದ್ದರು, ನಮ್ಮ ಕಡೆ ಬಟ್ಟೆಗೆ ಅದೇ ಮಾತು. ಸಂಜೆ ಆ ತೇವದ ಬಾಯಿಗೆ ಅರಿವಿ ಹಾಸಿ, ಮೇಲೆ ನಾಲ್ಕು ಕಲ್ಲಿಟ್ಟು ಬರುವುದು. ಬೆಳಗ್ಗೆ ತೆಗೆದಾಗ ಅರಿವಿ ಬರೀ ಒದ್ದೆಯಾಗಿದ್ದರೆ ಚಿಂತೆಯಿಲ್ಲ, ಎಲ್ಲ ಕೆರೆಯೂ ಅಷ್ಟಿಷ್ಟು ಒಸರುತ್ತದೆ. ಅರಿವಿ ಕೆಂಪಾಗಿದ್ದರೆ ನೀರು ತನ್ನ ಜೊತೆ ಏರಿಯ ಮಣ್ಣನ್ನೂ ಹೊತ್ತು ತರುತ್ತಿದೆಯೆಂದು ಅರ್ಥ. ಒಳಗೆ ಎಲ್ಲೋ ದಾರಿಯಾಗುತ್ತಿದೆ.

ಆ ಏರಿಯ ಮೇಲೆ ಹಿಂದೆ ಒಂದು ದೊಡ್ಡ ಆಲದ ಮರ ಇತ್ತಂತೆ. ಟ್ರ್ಯಾಕ್ಟರು ಓಡಾಡಲು ಅಡ್ಡವೆಂದು ಕಡಿದಿದ್ದರು. ಮರ ಹೋಯಿತು, ಬೇರು ಉಳಿಯಿತು. ಕಾಕಾ ಆ ಜಾಗದ ಕೆಳಗೆ ಒಂದು ತೇವ ತೋರಿಸಿದರು. ಹೋದ ವರ್ಷ ತಾಟಿನಷ್ಟಿತ್ತು, ಈಗ ಮೊರದಷ್ಟಾಗಿದೆ ಎಂದರು. ಬೇರು ಕೊಳೆತ ಜಾಗ ಪೊಳ್ಳಾಗುತ್ತದಲ್ಲ, ನೀರಿಗೆ ಅದೇ ಬೇಕು ಎಂದರು. ಹೇಳುವಾಗ ದನಿ ತಗ್ಗಿಸಿದ್ದರು, ಕೆರೆ ಕೇಳಿಸಿಕೊಂಡೀತು ಎನ್ನುವಂತೆ. ನಾನು ಹೌದೇ ಎಂದು ತಲೆಯಾಡಿಸಿ ಶಾಸನದ ಫೋಟೋ ತೆಗೆದುಕೊಂಡು ಬಂದೆ.

ಮುಂದೆ ಹಳೆಯ ಕೆರೆಗಳ ಮೇಲೆ ಒಂದು ಸರಣಿ ಮಾಡುತ್ತೇವೆಂದು ತಂಡದವರು ಬಂದಾಗ ನಾನೇ ಅರಿವಿಯ ಕಥೆ ಹೇಳಿದೆ. ನಿರ್ದೇಶಕನ ಕಣ್ಣು ಅರಳಿತು. ದಸರೆ ಮುಗಿದ ವಾರ, ಕೆರೆ ಕೋಡಿಯ ಮಟ್ಟಕ್ಕೆ ತುಂಬಿ ನಿಂತಾಗ, ವ್ಯಾನಿನಲ್ಲಿ ಐದು ಜನ ಬಂದಿಳಿದರು. ಕಾಕಾಗೆ ಹೊಸ ರುಮಾಲು ಸುತ್ತಿಸಿದರು. ಚಪ್ಪಲಿ ಹಾಕಿಕೊಳ್ಳಿ, ಕಾಲು ಬಿರುಕು ಬಿಟ್ಟಿದ್ದು ಕಾಣುತ್ತದೆ ಎಂದರು. ಕಾಕಾ ಹಾಕಲಿಲ್ಲ. ಅವರ ಕೈಗೆ ಒಂದು ಹೊಚ್ಚಹೊಸ ಬಿಳಿ ಬಟ್ಟೆ ಕೊಟ್ಟರು, ಗಂಜಿ ಇನ್ನೂ ಹೋಗಿರಲಿಲ್ಲ.

ಕಾಕಾ ಆ ತೇವದ ಮೇಲೆ ಬಟ್ಟೆ ಹಾಸಿ ಕಲ್ಲಿಟ್ಟರು. ಕ್ಯಾಮೆರಾ ಎಡದಿಂದ ಒಮ್ಮೆ, ಬಲದಿಂದ ಒಮ್ಮೆ ನೋಡಿತು. ಹತ್ತು ನಿಮಿಷವಾಗಿತ್ತೋ ಇಲ್ಲವೋ, ಈಗ ತೆಗೆಯಿರಿ ಎಂದ ನಿರ್ದೇಶಕ. ಸಂಜೆಯೊಳಗೆ ಅವರು ಬಂಕಾಪುರದ ಕೋಟೆ ಮುಟ್ಟಬೇಕಿತ್ತು, ಅಲ್ಲಿ ಬೆಳಕು ಚೆನ್ನಾಗಿರುವ ಹೊತ್ತು ತಪ್ಪುತ್ತಿತ್ತು.

ಕಾಕಾ ನಿರ್ದೇಶಕನನ್ನು ನೋಡಲಿಲ್ಲ, ನನ್ನನ್ನು ನೋಡಿದರು.

"ಈಗ ತಗೀಬ್ಯಾಡ್ರಿ ಮಾಸ್ತರ್ರ. ಅರಿವಿ ಒಂದು ರಾತ್ರಿ ಮಲಗಬೇಕು. ಈಗ ತಗದ್ರ ಅದು ಏನೂ ಹೇಳಂಗಿಲ್ಲ."

ನಾನು ನಿರ್ದೇಶಕನಿಗೆ ಅದನ್ನು ಹೇಳಿದೆ. ಹೇಳಿದ್ದು ನಿಜ, ಆದರೆ ಹೇಗೆ ಹೇಳಿದೆನೆಂದರೆ, ನಕ್ಕು ಹೇಳಿದೆ. ಅವನೂ ನಕ್ಕು, ಇದು ತೋರಿಸುವುದಕ್ಕಷ್ಟೇ ಅಲ್ಲವೇ ಸರ್ ಎಂದ. ಬಟ್ಟೆ ತೆಗೆಸಿದರು. ಬೆಳ್ಳಗೆ ಒದ್ದೆಯಾಗಿತ್ತು, ಒಂದು ಕಲೆಯಿಲ್ಲ. ಕಾಕಾ ಅದನ್ನು ಎರಡು ಕೈಯಲ್ಲಿ ಹಿಡಿದು ನಿಂತರು. ಏರಿ ಭದ್ರ ಇದೆ ಅಂತ ಒಂದು ಮಾತು ಹೇಳಿ ಅಜ್ಜಾ ಎಂದರೆ ಬಾಯಿ ಬಿಡಲಿಲ್ಲ. ಎರಡು ಸಲ ಕೇಳಿದರು. ಮೂರನೆಯ ಸಲ ನಿರ್ದೇಶಕ ನನ್ನ ಕಡೆ ತಿರುಗಿ, ಸರ್, ಕೊನೆಗೆ ಒಂದು ಭರವಸೆಯ ಸಾಲು ಬೇಕಲ್ಲ, ನೀವೇ ಹೇಳಿಬಿಡಿ ಎಂದ.

ನಾನು ಕಾಲರಿನ ಮೈಕು ಸರಿಮಾಡಿಕೊಂಡೆ. ಕಾಕಾನ ಪಕ್ಕ ನಿಂತು, ಆ ಬಟ್ಟೆಯ ಒಂದು ತುದಿ ಹಿಡಿದು ಹೇಳಿದೆ: "ನೋಡಿ, ಬಟ್ಟೆ ಬೆಳ್ಳಗಿದೆ. ಶತಮಾನಗಳಿಂದ ನಿಂತ ಈ ಏರಿ ಇಂದಿಗೂ ಅಷ್ಟೇ ಭದ್ರವಾಗಿದೆ." ಒಂದೇ ಸಲಕ್ಕೆ ಸರಿಹೋಯಿತು. ಎರಡನೆಯ ಸಲ ಕೇಳಲೇ ಇಲ್ಲ.

ಎಲ್ಲ ಮುಗಿದ ಮೇಲೆ ಧ್ವನಿ ಹಿಡಿಯುವವರು ಒಂದು ಕೆಲಸ ಮಾಡುತ್ತಾರೆ. ಅರ್ಧ ನಿಮಿಷ ಎಲ್ಲರೂ ಅಲ್ಲಾಡದೆ ನಿಲ್ಲಬೇಕು, ಆ ಜಾಗದ ಮೌನವನ್ನು ಅವರು ಹಾಗೇ ಹಿಡಿದಿಟ್ಟುಕೊಳ್ಳುತ್ತಾರೆ. ಅವತ್ತೂ ನಿಂತೆವು. ಗಾಳಿ ಇರಲಿಲ್ಲ. ಕಿವಿಗೆ ಹೆಡ್‌ಫೋನು ಹಾಕಿದ್ದವನು ಹುಬ್ಬು ಗಂಟಿಕ್ಕಿ, ಉದ್ದನೆಯ ಮೈಕನ್ನು ಆ ಕಡೆ ಈ ಕಡೆ ತಿರುಗಿಸಿ ಕೊನೆಗೆ ನೆಲದ ಕಡೆ ಹಿಡಿದ. ಎಲ್ಲೋ ನೀರು ಓಡ್ತಾ ಇದೆಯಲ್ಲ ಎಂದ. ಸುತ್ತ ನೋಡಿದರೆ ಓಡುವ ನೀರು ಎಲ್ಲೂ ಇಲ್ಲ. ಕಾಕಾ ಮತ್ತೆ ನನ್ನನ್ನೇ ನೋಡಿದರು... ಆ ನೋಟ ಈಗಲೂ ಕಣ್ಣಿಗೆ ಕಟ್ಟಿದಂತಿದೆ. ನಾನು ವ್ಯಾನಿನ ಕಡೆ ನಡೆದೆ.

ಮರುದಿನ ಬೆಳಗಿನ ಮೊದಲ ಬಸ್ಸಿಗೇ ಕಾಕಾ ಹಾನಗಲ್ಲಿಗೆ ಬಂದರು. ನಾನಿನ್ನೂ ಪೇಪರು ಓದುತ್ತಿದ್ದೆ. ಹೆಂಡತಿ ಒಳಗೆ ಕರೆದು ಅವಲಕ್ಕಿ ಕೊಟ್ಟಳು, ಅವರು ತಾಟು ಮುಟ್ಟಲಿಲ್ಲ. ಪ್ಲಾಸ್ಟಿಕ್ ಚೀಲದಿಂದ ತಮ್ಮ ಹಳೆಯ ಧೋತರದ ತುಂಡು ತೆಗೆದು ನನ್ನ ಮುಂದೆ ಬಿಡಿಸಿದರು. ನಾವು ಹೋದ ಮೇಲೆ ಅದೇ ಜಾಗದಲ್ಲಿ ಹಾಸಿ, ರಾತ್ರಿಯಿಡೀ ಬಿಟ್ಟು ತಂದಿದ್ದರು. ಅದರ ನಡುವೆ ಒಂದು ಕೆಂಪು ಕಲೆ, ಅಂಗೈಯಗಲ.

"ಏರಿ ಮಣ್ಣು ಬಿಡಾಕತ್ತೈತ್ರಿ. ನೀರು ಬಿಟ್ರ ಅಂಜಿಕಿಲ್ಲ. ಮಣ್ಣು ಬಿಡಬಾರದು."

ನಾನು ಅವರ ಎದುರಿಗೇ ನಿರ್ದೇಶಕನಿಗೆ ಫೋನ್ ಮಾಡಿದೆ. ಅವನು ಗಾಡಿಯಲ್ಲಿದ್ದ. ಎಡಿಟಿಂಗಿನಲ್ಲಿ ನೋಡೋಣ ಸರ್ ಎಂದ. ನೋಡ್ತಾರಂತೆ ಎಂದು ಕಾಕಾಗೆ ಹೇಳಿದೆ. ಕಾಕಾ ಅರಿವಿಯನ್ನು ಮಡಿಸಿ ನನ್ನ ಕೈಗಿಟ್ಟರು. ಇದು ನಿಮ್ಮ ಕಡೆ ಇರಲಿ, ನನ್ನ ಕಡೆ ಇದ್ದರೆ ಯಾರೂ ನಂಬುವುದಿಲ್ಲ ಎಂದರು. ಗೂಟಕ್ಕೆ ನೇತುಹಾಕಿದ್ದ ಜಾಕೀಟಿನ ಒಳಜೇಬಿಗೆ ಹಾಕಿದೆ. ಅದಾದ ಮೇಲೆ ಅವರು ಅವಲಕ್ಕಿ ತಿಂದರು. ಕೆಲಸವಾಯಿತು ಎಂದುಕೊಂಡರೋ ಏನೋ.

ಬೇಸಿಗೆಯಲ್ಲಿ ಆ ಕಂತು ಪ್ರಸಾರವಾಯಿತು. ನನ್ನ ಸಾಲು ಹಾಗೇ ಇತ್ತು, ಹಿಂದೆ ವೀಣೆ ಬೇರೆ ಹಾಕಿದ್ದರು. ಊರಿಗೆ ಊರೇ ನೋಡಿತು. ಆ ಊರಿನವರು ನನ್ನನ್ನು ಕರೆದು ಶಾಲು ಹೊದಿಸಿದರು. ಊರ ಬಾಗಿಲಲ್ಲಿ ಒಂದು ಫ್ಲೆಕ್ಸು ಕಟ್ಟಿದ್ದರು. ಅದರಲ್ಲಿ ನಾನು, ಕಾಕಾ, ನಮ್ಮಿಬ್ಬರ ನಡುವೆ ಆ ಹೊಸ ಬಿಳಿ ಬಟ್ಟೆ. ಕೆಳಗೆ ದೊಡ್ಡ ಅಕ್ಷರದಲ್ಲಿ ನನ್ನ ಮಾತು. ಶನಿವಾರ ಭಾನುವಾರ ಕೆರೆ ನೋಡಲು ಜನ ಬರತೊಡಗಿದರು. ಬಂದವರ ಕಾಲಿಗೆ ಕೆಸರಾಗಬಾರದೆಂದು ಪಂಚಾಯ್ತಿಯವರು ಆ ತೇವದ ಜಾಗಕ್ಕೆ ಎರಡು ಟ್ರ್ಯಾಕ್ಟರು ಗರಸು, ಅಂದರೆ ಜಲ್ಲಿಮಣ್ಣು, ಹಾಕಿಸಿ ಸಮ ಮಾಡಿಸಿದರು. ನೋಡಲು ಚಂದವಾಯಿತು. ಕಾಕಾಗೆ ಅರಿವಿ ಹಾಸಲು ಜಾಗವೇ ಉಳಿಯಲಿಲ್ಲ.

ಮಳೆಗಾಲಕ್ಕೆ ಮೊದಲು ಆ ಜಾಗ ಅಗೆದು ಜಿಗುಟು ಮಣ್ಣು ತುಂಬಿ ಗಟ್ಟಿ ಮಾಡಿಸಿ ಎಂದು ಕಾಕಾ ಪಂಚಾಯ್ತಿಯ ಸಭೆಗೆ ಹೋದರು. ಅಲ್ಲಿ ಯಾರೋ ಮೊಬೈಲ್ ತೆಗೆದು ಆ ದೃಶ್ಯ ಹಚ್ಚಿದರಂತೆ. ನಿನ್ನ ಕೈಯಾಗಿನ ಅರಿವಿನೇ ಬೆಳ್ಳಗೈತಲ್ಲೋ ಕಾಕಾ ಎಂದು ಸಭೆಯೆಲ್ಲ ನಕ್ಕಿತಂತೆ. ಇದನ್ನು ನನಗೆ ಹೇಳಿದವರು ಕಾಕಾನೇ. ಸಿಟ್ಟಿನಿಂದ ಹೇಳಲಿಲ್ಲ. ನಡೆದದ್ದು ಹೇಳಿ, ನನ್ನಿಂದ ಒಂದು ಕಾಗದ ಬೇಕು ಎಂದರು. ಅವತ್ತು ಬಟ್ಟೆ ಹತ್ತೇ ನಿಮಿಷಕ್ಕೆ ತೆಗೆಸಿದ್ದು, ರಾತ್ರಿಯಿಟ್ಟ ಬಟ್ಟೆ ಕೆಂಪಾಗಿದ್ದು, ಎರಡೇ ಮಾತು ಬರೆದು ಕೆಳಗೆ ಸಹಿ.

"ಈಗ ಗರಸು ಹಾಕ್ಯಾರ. ನೀರು ಎಲ್ಲಿ ಹೊಂಟೈತಿ ಅಂತ ನನಗೂ ಕಾಣಂಗಿಲ್ರಿ ಮಾಸ್ತರ್ರ," ಎಂದರು.

ಬರೆದು ಟಪಾಲಿಗೆ ಹಾಕುತ್ತೇನೆ ಎಂದೆ. ಬರೆದೆ ಕೂಡ. ಒಳ್ಳೆಯ ಕಾಗದದ ಮೇಲೆ, ಒಳ್ಳೆಯ ಕನ್ನಡದಲ್ಲಿ ಬರೆದೆ. ಸಹಿಯೊಂದು ಬಾಕಿ ಇತ್ತು.

ಆ ವಾರವೇ ನಿರ್ದೇಶಕ ಫೋನ್ ಮಾಡಿದ್ದ. ಕೆರೆಯ ಕಂತು ಜನಕ್ಕೆ ಹಿಡಿಸಿದೆ, ಮುಂದಿನ ಸರಣಿಗೆ ಎಲ್ಲ ಕಂತಿನಲ್ಲೂ ನೀವೇ ಇರುತ್ತೀರಿ, ಹೆಚ್ಚುಕಡಿಮೆ ಗೊತ್ತಾದಂತೆ ಎಂದಿದ್ದ. ಹೆಚ್ಚುಕಡಿಮೆ ಎಂಬ ಆ ಒಂದು ಮಾತು ನನ್ನನ್ನು ಕಟ್ಟಿಹಾಕಿತು. ಟಿವಿಯಲ್ಲಿ ಹೇಳಿದ್ದು ಸುಳ್ಳೆಂದು ನಾನೇ ಸಹಿ ಮಾಡಿಕೊಟ್ಟರೆ, ಅದು ಊರೆಲ್ಲ ಓಡಾಡಿದರೆ, ಆಮೇಲೆ ಯಾರು ನನ್ನನ್ನು ಕಂಬದ ಪಕ್ಕ ನಿಲ್ಲಿಸುತ್ತಾರೆ? ಆ ಸರಣಿ ಮೊದಲು ಪಕ್ಕಾ ಆಗಲಿ, ಆಮೇಲೆ ಸಹಿ ಹಾಕಿದರಾಯಿತು ಎಂದುಕೊಂಡೆ. ಕಾಗದವನ್ನು ಮೇಜಿನ ಖಾನೆಗೆ ಹಾಕಿದೆ. ಇದನ್ನು ಬರೆಯುವಾಗ ನಾಚಿಕೆಯಾಗುತ್ತಿದೆ. ಆಗ ಆಗಲಿಲ್ಲ.

ಕಾಕಾ ಮತ್ತೊಮ್ಮೆ ಬಂದಾಗ ನಾನು ಆ ಮುಂದಿನ ಸರಣಿಯ ಮಾದರಿ ಚಿತ್ರೀಕರಣಕ್ಕೆ ಸವಣೂರಿಗೆ ಹೋಗಿದ್ದೆ. ಅಲ್ಲಿಯ ಆ ಭಾರಿ ಗಾತ್ರದ ದೊಡ್ಡಹುಣಸೆ ಮರಗಳ ಕೆಳಗೆ, ಅವಕ್ಕೆ ಎಷ್ಟು ವಯಸ್ಸಾಗಿರಬಹುದು ಎಂದು ಕ್ಯಾಮೆರಾಕ್ಕೆ ಹೇಳುತ್ತಿದ್ದೆ. ಕಾಕಾ ಮಧ್ಯಾಹ್ನದವರೆಗೆ ನಮ್ಮ ಕಟ್ಟೆಯ ಮೇಲೆ ಕುಳಿತಿದ್ದು ಹೋದರಂತೆ. ಖಾನೆಯಲ್ಲಿ ಕಾಗದ ಇದೆಯೆಂದು ಹೆಂಡತಿಗೆ ಗೊತ್ತಿತ್ತು. ರಾತ್ರಿ ಊಟಕ್ಕೆ ಬಡಿಸುವಾಗ, ಕೊಡೋಣ ಅಂತ ತೆಗೆದೆ, ಸಹಿ ಇರಲಿಲ್ಲ ಎಂದಳು. ಅಷ್ಟೇ ಹೇಳಿದಳು.

ಮಳೆ ಆ ವರ್ಷ ಆಷಾಢದಲ್ಲೇ ಹಿಡಿಯಿತು. ಮೊದಲ ನಾಲ್ಕು ದಿನ ಎಲ್ಲರಿಗೂ ಖುಷಿ. ಆಮೇಲೆ ಬಿಡಲಿಲ್ಲ. ಗೋಡೆಗಳು ಬೆವತವು, ಅಂಗಿ ಒಣಗಲಿಲ್ಲ, ತಿಳವಳ್ಳಿ ಕಡೆಯ ಬಸ್ಸುಗಳು ಅರ್ಧಕ್ಕೇ ತಿರುಗಿ ಬರುತ್ತಿದ್ದವು. ಒಂಬತ್ತನೆಯ ದಿನವೋ ಹತ್ತನೆಯ ದಿನವೋ ಸರಿಯಾಗಿ ನೆನಪಿಲ್ಲ... ಬೆಳಗ್ಗೆ ಎಂಟರ ಸುಮಾರಿಗೆ ಫೋನ್ ಬಂತು. ಮಳೆಯ ಸದ್ದಿನಲ್ಲಿ ಕಾಕಾನ ದನಿ ಹತ್ತಿರವೂ ದೂರವೂ ಆಗುತ್ತಿತ್ತು. ಗರಸಿನ ಕೆಳಗಿಂದ ಕೆಂಪು ನೀರು ಬೆರಳು ಗಾತ್ರ ಏಳುತ್ತಿದೆ ಎಂದರು. ನಾನು ಕಾಗದದ ಬಗ್ಗೆ ಏನೋ ತೊದಲಿದೆ. ಅವರು ನನ್ನ ಮಾತು ನಡುವೆಯೇ ತಡೆದರು.

"ಕಾಗದದ ಹೊತ್ತು ಮೀರಿತ್ರಿ. ಅಧ್ಯಕ್ಷರಿಗೆ ಒಂದು ಫೋನ್ ಮಾಡ್ರಿ, ಕೆಳಗಿನ ಓಣಿ ಖಾಲಿ ಮಾಡಸ್ರಿ. ನಾ ಹೇಳಿದ್ರ ನಗ್ತಾರ. ನೀವು ಹೇಳಿದ್ರ ಕೇಳ್ತಾರ."

ನೀವೆಲ್ಲಿ ಇರ್ತೀರಿ ಎಂದು ಕೇಳಿದೆ. ತೂಬು ಎತ್ತಾಕ ಹೊಂಟೇನಿ ಎಂದರು. ಕೆರೆಯ ನೀರು ಒಂದಿಷ್ಟು ಇಳಿದರೆ ಏರಿಯ ಮೇಲಿನ ಭಾರ ಇಳಿಯುತ್ತದೆ ಎಂಬುದು ಅವರ ಲೆಕ್ಕ.

ನಾನು ಫೋನ್ ಮಾಡಿದೆ. ಪಂಚಾಯ್ತಿ ಅಧ್ಯಕ್ಷರು ಮೊದಲ ಸಲಕ್ಕೇ ಎತ್ತಿದರು. ಟಿವಿಯಲ್ಲಿ ನಾನು ಹೇಳಿದ್ದು ತಪ್ಪು, ಅವತ್ತು ಬಟ್ಟೆ ರಾತ್ರಿಯಿಡೀ ಇಟ್ಟಿರಲಿಲ್ಲ, ಏರಿ ಒಡೆಯಬಹುದು ಎಂದೆ. ಮೂರು ಮಾತು. ಅವರು ಮರುಪ್ರಶ್ನೆ ಕೇಳಲಿಲ್ಲ. ನೀವು ಹೇಳಿದ ಮ್ಯಾಲ ಮುಗೀತ್ರಿ ಸರ ಎಂದರು. ಅರ್ಧ ತಾಸಿನಲ್ಲಿ ಕೆಳಗಿನ ಓಣಿಯ ಮುದುಕರು, ಬಾಣಂತಿಯರು, ದನಕರು ಎಲ್ಲ ಮೇಲಿನ ಶಾಲೆಗೆ ಹೋಗಿ ಸೇರಿದ್ದರು. ಒಂದು ಫೋನಿಗೆ ಊರು ಎದ್ದು ನಿಂತಿತ್ತು. ನನ್ನ ಮಾತಿಗೆ ಅಷ್ಟು ಬೆಲೆ ಇತ್ತು. ಅದು ಬೇಸಿಗೆಯಲ್ಲೂ ಇತ್ತು, ಅದನ್ನೇ ಕಾಕಾ ಕೇಳಿದ್ದು.

ತೂಬಿನ ಬಾಗಿಲು ಎತ್ತುವ ಕಬ್ಬಿಣದ ಹಿಡಿಕೆ ತುಕ್ಕು ಹಿಡಿದಿತ್ತಂತೆ. ಕಾಕಾ ಒಬ್ಬರೇ ತಿರುಗಿಸುತ್ತಿದ್ದುದನ್ನು ಶಾಲೆಯ ಜಗಲಿಯಿಂದ ಜನ ನೋಡಿದ್ದಾರೆ. ಕೈಜೋಡಿಸಲು ಇಬ್ಬರು ಹೊರಟಿದ್ದರು, ಏರಿಯ ಬುಡ ಮುಟ್ಟಿರಲಿಲ್ಲ. ಆಲದ ಮರ ಇದ್ದ ಜಾಗ ಮೊದಲು ಒಳಗೆ ಕುಸಿಯಿತಂತೆ, ಆಮೇಲೆ ತೂಬಿನ ಕಡೆಯದು. ದೊಡ್ಡ ಸದ್ದೇನೂ ಆಗಲಿಲ್ಲ ಎಂದು ಎಲ್ಲರೂ ಒಂದೇ ರೀತಿ ಹೇಳಿದರು. ಕಾಕಾ ಇದ್ದರು, ಆಮೇಲೆ ಅಲ್ಲಿ ನೀರಿತ್ತು.

ಮೂರನೆಯ ದಿನ, ಬಹಳ ಕೆಳಗೆ, ಗೋವಿನಜೋಳದ ಹೊಲವೊಂದರಲ್ಲಿ ಸಿಕ್ಕರು. ನಾನು ಹೋದೆ. ಮನೆಯ ಮುಂದೆ ಅವರ ಮಗಳು ಕುಳಿತಿದ್ದಳು, ಕೈಯಲ್ಲಿ ಆ ಸಲಾಕೆ ಇತ್ತು. ಏನು ಹೇಳಬೇಕೆಂದು ದಾರಿಯುದ್ದಕ್ಕೂ ಮಾತು ಜೋಡಿಸಿಕೊಂಡು ಹೋಗಿದ್ದೆ. ಅವಳೇ ತಲೆಯೆತ್ತಿ ನೋಡಿ ಹೇಳಿದಳು.

"ಅಪ್ಪ ದಿನಾ ಟಪಾಲಿನವನ್ನ ಕೇಳ್ತಿದ್ದರ್ರಿ, ಹಾನಗಲ್ಲಿಂದ ಏನರ ಬಂದೈತೇನು ಅಂತ."

ಅವಳಿಗೆ ಅದು ಏನು ಕಾಗದವೆಂದು ಗೊತ್ತಿರಲಿಲ್ಲ. ಬೈಯಲು ಹೇಳಿದ ಮಾತೂ ಅಲ್ಲ. ಅಪ್ಪನಿಗೆ ನನ್ನ ಮೇಲೆ ವಿಶ್ವಾಸ ಇತ್ತು ಎಂದು ತಿಳಿಸಲು ಹೇಳಿದಳು. ಅವಳು ಬೈದಿದ್ದರೆ ನನಗೆ ಎಷ್ಟೋ ಹಗುರಾಗುತ್ತಿತ್ತು.

ಇನ್ನೂ ಒಂದು ಹೇಳಬೇಕು. ಅದೇ ಮಧ್ಯಾಹ್ನ, ಒಡೆದ ಏರಿಯ ಹತ್ತಿರ ಸುದ್ದಿಯವರು ನಿಂತಿದ್ದರು. ನನ್ನ ಮುಖ ಗುರುತು ಹಿಡಿದು ಮೈಕು ಚಾಚಿದರು. ನಾನು ನಿಂತೆ. ಕಾಲು ತಾನಾಗಿಯೇ ಬೆಳಕಿನ ಕಡೆ ತಿರುಗಿತು. "ಇಂಥ ಮಳೆ ಈ ಭಾಗದಲ್ಲಿ ಹಿಂದೆಂದೂ ಕಂಡಿಲ್ಲ," ಎಂದೆ. ಒಂದೇ ಸಲಕ್ಕೆ ಸರಿಹೋಯಿತು. ಪಕ್ಕದಲ್ಲಿದ್ದ ಅಧ್ಯಕ್ಷರು ನೆಲ ನೋಡುತ್ತಿದ್ದರು. ನಿಜ ಗೊತ್ತಿದ್ದವರು ಅಲ್ಲಿ ನಾವಿಬ್ಬರೇ. ಆಮೇಲೆ ಸರಣಿ ಪಕ್ಕಾ ಆಯಿತು. ವರ್ಷಗಟ್ಟಲೆ ಕೋಟೆ, ಬಾವಿ, ಗುಡಿಗಳ ಮುಂದೆ ನಿಂತೆ. ಬೇಸಿಗೆ ರಜೆಯಲ್ಲಿ ಆ ಹಳೆಯ ಕಂತನ್ನು ಈಗಲೂ ಹಾಕುತ್ತಾರೆ. ಒಮ್ಮೆ ಧೈರ್ಯ ಮಾಡಿ ಪೂರ್ತಿ ನೋಡಿದೆ. ನಾನು ಭದ್ರ ಎನ್ನುವಾಗ ಕಾಕಾ ಕ್ಯಾಮೆರಾವನ್ನೂ ನೋಡುತ್ತಿಲ್ಲ, ಬಟ್ಟೆಯನ್ನೂ ನೋಡುತ್ತಿಲ್ಲ. ತಲೆ ಸ್ವಲ್ಪ ವಾಲಿಸಿ ನೆಲಕ್ಕೆ ಕಿವಿ ಕೊಟ್ಟಿದ್ದಾರೆ.

ಈಗ ಈ ಹೊಸ ತಂಡ. ಚಿಕ್ಕೇರೂರಿನಿಂದ ಸ್ವಲ್ಪ ದೂರದ ಇನ್ನೊಂದು ಕೆರೆ, ಅದೂ ಹಳೆಯದೇ, ಅದೂ ತುಂಬಿ ನಿಂತಿದೆ. ಏರಿಯ ಕೆಳಗೆ ಮನೆಗಳಿವೆ. ಆ ಬಿಳಿ ಬಟ್ಟೆಯ ದೃಶ್ಯ ಎಲ್ಲರಿಗೂ ನೆನಪಿದೆ ಸರ್, ಅದನ್ನೇ ಇಲ್ಲಿ ಮಾಡೋಣ ಎಂದಳು ನಿರ್ದೇಶಕಿ. ಒಳ್ಳೆಯ ಹುಡುಗಿ, ಆಸೆಯಿಂದ ಕೆಲಸ ಮಾಡುವವಳು. ಅವಳಿಗೆ ಏನೂ ಗೊತ್ತಿಲ್ಲ. ನಾನು ಜಾಕೀಟಿನ ಗುಂಡಿ ಹಾಕದೆ ಹಾಗೇ ತೊಟ್ಟುಕೊಂಡು ಹೋದೆ, ಒಳಜೇಬಿನಲ್ಲಿ ಕಾಕಾ ಕೊಟ್ಟ ಅರಿವಿ ಇತ್ತು.

ಏರಿಯ ಹೊರಬದಿಯಲ್ಲಿ ಚಪ್ಪಲಿ ಬಿಟ್ಟು ನಡೆದೆ. ಒಂದು ಕಡೆ ತಂಪಾಗಿತ್ತು. ಅಲ್ಲಿ ಅವರು ತಂದಿದ್ದ ಹೊಸ ಬಟ್ಟೆ ಹಾಸಿ ಕಲ್ಲಿಟ್ಟೆ. ಹತ್ತು ನಿಮಿಷವಾದ ಮೇಲೆ ತೆಗೆಯಿರಿ ಸರ್ ಎಂದರು. ನಾಳೆ ಬೆಳಗ್ಗೆ ತೆಗೆಯುತ್ತೇನೆ ಎಂದೆ. ಹೊತ್ತು ಮುಳುಗುವುದರೊಳಗೆ ಹುಲಗೂರಿನ ದರ್ಗಾ ಮುಟ್ಟಬೇಕು ಸರ್, ಒಂದೇ ಒಂದು ಸಾಲು ಎಂದಳು. ಹಾಗಾದರೆ ಸಾಲು ಹೇಳುತ್ತೇನೆ ಎಂದು ನಿಂತೆ. ಈ ಬಟ್ಟೆ ಒಂದು ರಾತ್ರಿ ಇಲ್ಲೇ ಇರಬೇಕು, ಅಲ್ಲಿಯವರೆಗೆ ಈ ಏರಿಯ ಬಗ್ಗೆ ನನಗೆ ಏನೂ ಗೊತ್ತಿಲ್ಲ ಎಂದೆ. ಹಿಂದೆ ಒಮ್ಮೆ ಗೊತ್ತಿದೆಯೆಂದು ಸುಳ್ಳು ಹೇಳಿದ್ದೆ, ಒಬ್ಬರ ಜೀವ ಹೋಯಿತು ಎಂದೂ ಹೇಳಿದೆ. ಕ್ಯಾಮೆರಾದವನು ತಲೆಯೆತ್ತಿ ನನ್ನನ್ನು ನೋಡಿದ. ನಿರ್ದೇಶಕಿ, ಎಡಿಟಿಂಗಿನಲ್ಲಿ ನೋಡೋಣ ಸರ್ ಎಂದಳು.

ಅವರು ಹೋದರು. ನಾನು ಚಿಕ್ಕೇರೂರಿನಲ್ಲಿ ಹಳೆಯ ವಿದ್ಯಾರ್ಥಿಯೊಬ್ಬನ ಮನೆಯಲ್ಲಿ ಉಳಿದು ಬೆಳಗಾಗುತ್ತಲೇ ಮತ್ತೆ ಏರಿಗೆ ಬಂದೆ. ಆ ಕೆರೆಗೆ ನೀರಗಂಟಿ ಇಲ್ಲ. ಇದ್ದವರು ತೀರಿಕೊಂಡ ಮೇಲೆ ಯಾರನ್ನೂ ನೇಮಿಸಿಲ್ಲವಂತೆ. ಕಲ್ಲು ಸರಿಸಿ ಬಟ್ಟೆ ಎತ್ತಿದೆ. ಪೂರ್ತಿ ಬಿಳಿಯೂ ಅಲ್ಲ, ಕೆಂಪೂ ಅಲ್ಲ. ನಡುವೆ ಮಾಸಲು ಕಲೆಯೊಂದು. ಬೆಳಗಿನ ಜಾವ ತುಂತುರು ಬಿದ್ದಿತ್ತು. ಮೇಲಿನಿಂದ ಇಳಿದ ಮಳೆಯ ನೀರಿನದೋ, ಒಳಗಿಂದ ಬಂದ ಕೆರೆಯದೋ? ಮೂಗಿಗೆ ಹಿಡಿದೆ. ಜೇಬಿನಿಂದ ಕಾಕಾನ ಅರಿವಿ ತೆಗೆದು ಅದನ್ನೂ ಹಿಡಿದೆ. ಮತ್ತೆ ಇದನ್ನು, ಮತ್ತೆ ಅದನ್ನು... ಮಣ್ಣಿನ ವಾಸನೆ. ಅಷ್ಟೇ. ಅವತ್ತು ಅವರು ಸಲಾಕೆಯ ತುದಿಯನ್ನು ನನ್ನ ಮೂಗಿನ ಹತ್ತಿರವೇ ಹಿಡಿದಿದ್ದರು. ಇನ್ನೊಮ್ಮೆ ತೋರಿಸಿ ಕಾಕಾ ಎಂದಿದ್ದರೆ ನೂರು ಸಲ ತೋರಿಸುತ್ತಿದ್ದರು.

ಬುಟ್ಟಿ ಹೊತ್ತು ಏರಿಯ ಮೇಲೆ ಬರುತ್ತಿದ್ದ ಹೆಣ್ಣುಮಗಳೊಬ್ಬಳು ನನ್ನನ್ನು ಕಂಡು ನಿಂತಳು. ಕೆಳಗಿನ ಮನೆಯವಳಂತೆ. ಜಾಕೀಟು ನೋಡಿದಳು, ಕೈಯಲ್ಲಿದ್ದ ಬಟ್ಟೆ ನೋಡಿದಳು, ಮುಖದಲ್ಲಿ ನಗು ಬಂತು.

"ಟಿವಿಯಾಗ ಬರ್ತೀರಲ್ರಿ ನೀವು? ನಮ್ಮ ಕೆರಿ ಗಟ್ಟಿ ಐತೇನ್ರಿ?"

"ನನಗ ಗೊತ್ತಿಲ್ಲ ತಂಗಿ," ಎಂದೆ. "ಗೊತ್ತಿದ್ದವ್ರು ಒಬ್ರಿದ್ರು."

ಅವಳು ಹೋಗಲಿಲ್ಲ. ಬುಟ್ಟಿಯನ್ನು ಕಂಕುಳಿಗೆ ಇಳಿಸಿಕೊಂಡು, ನಾನು ಇನ್ನೇನೋ ಹೇಳುತ್ತೇನೆಂದು ಕಾಯುತ್ತ ಅಲ್ಲೇ ನಿಂತಳು.